ಒಂದೇ ಕೂಗಿಗೆ ಮುಳುಗಿದ ಹಡಗು

ಜರ್ಮನರ ಜಲಾಂತರ್ಗಾಮಿಯೊಂದನ್ನು ನಾನು ಒಂದೇ ಕೂಗಿಗೆ ಮುಳುಗಿಸಿದ್ದೇನೆ. ಗುಂಡಿಲ್ಲ, ಮದ್ದಿಲ್ಲ, ಕೈಯಲ್ಲಿ ಒಂದು ಸೌಟು ಕೂಡ ಇರಲಿಲ್ಲ. ಅದನ್ನು ಕಟ್ಟಿದವನೂ ನಾನೇ ಆದ್ದರಿಂದ ಮುಳುಗಿಸುವ ಹಕ್ಕೂ ನನಗೇ ಇತ್ತು ಎಂದಿಟ್ಟುಕೊಳ್ಳಿ. ಇಂದಿಗೂ ಕಣ್ಣು ಮುಚ್ಚಿದರೆ ಅದು ಕಾಣುತ್ತದೆ: ಹಡಗುಕಟ್ಟೆಯ ಇಳಿಜಾರಿನಲ್ಲಿ ದಿಮ್ಮಿಗಳ ಮೇಲೆ ಮಲಗಿಸಿದ ಬೂದುಬಣ್ಣದ ಉದ್ದ ಹೊಟ್ಟೆ, ಕಿಟಕಿಯೇ ಇಲ್ಲದ ಮನೆ.

ಯುದ್ಧ ಮುಗಿದು ಊರಿಗೆ ಮರಳಿದ ಮೇಲೆ ಪೊಡಿಯಬ್ಬನ ಚಹದಂಗಡಿಯಲ್ಲಿ ಈ ಕತೆಯನ್ನು ಎಷ್ಟು ಸಲ ಹೇಳಿದೆನೋ ಲೆಕ್ಕವಿಲ್ಲ. ಬಂದರಿನ ಜನ ನಗಲೆಂದೇ ಬಂದು ಕೂರುತ್ತಿದ್ದರು. ನಗದೆ ಕೇಳುತ್ತಿದ್ದವಳು ಒಬ್ಬಳೇ. ಅಂಗಡಿಯ ಎದುರಿನ ಕಟ್ಟೆಯ ಮೇಲೆ ಮೀನು ಕತ್ತರಿಸಿ ಮಾರುತ್ತಿದ್ದ ಮಾಸ್ತಮ್ಮ. ಅವಳ ಗಂಡ ಜಟ್ಟಪ್ಪನೂ ನಾನೂ ಒಂದೇ ಸರಕು ಹಡಗಿನಲ್ಲಿ ಹೋದವರು. ಅವನು ಖಲಾಸಿ, ನಾನು ಖಲಾಸಿಗಳಿಗೆ ಅನ್ನ ಬೇಯಿಸುವ ಭಂಡಾರಿ. ನಾನು ಮರಳಿದೆ, ಅವನು ಮರಳಲಿಲ್ಲ. ಕಂಪನಿಯವರು ‘ಕಾಣೆ’ ಎಂದಷ್ಟೇ ಹೇಳಿ ಕೈ ತೊಳೆದುಕೊಂಡಿದ್ದರು. ನಾನು ಊರಿಗೆ ಬಂದ ದಿನವೇ ಅವಳು ಬಂದು ಕೇಳಿದ್ದಳು. ಜರ್ಮನರು ನಮ್ಮ ಹಡಗನ್ನು ಒಡೆದ ಗಲಾಟೆಯಲ್ಲಿ ನಾವು ಬೇರೆ ಬೇರೆಯಾದೆವು, ಆಮೇಲೆ ಅವನನ್ನು ನೋಡಲಿಲ್ಲ ಎಂದು ಹೇಳಿ ನಾನು ಒಳಗೆ ಹೋಗಿದ್ದೆ.

ಅಂದಿನಿಂದ ಅವಳದ್ದು ಅತ್ತಲೂ ಅಲ್ಲದ ಇತ್ತಲೂ ಅಲ್ಲದ ಬದುಕು. ಹೂ ಮುಡಿದರೆ ಒಬ್ಬರು ಮೂಗು ಮುರಿಯುತ್ತಿದ್ದರು, ಮುಡಿಯದಿದ್ದರೆ ಇನ್ನೊಬ್ಬರು. ಆ ವರ್ಷ ಅವಳ ಅಣ್ಣ ಹೊಳೆಯಾಚೆಯ ಬಲೆಗಾರನೊಬ್ಬನ ಜೊತೆ ಮರುಮದುವೆಯ ಮಾತು ತಂದಿದ್ದ. ನಮ್ಮವರಲ್ಲಿ ಅದಕ್ಕೆ ಅಡ್ಡಿಯಿರಲಿಲ್ಲ, ಬಲೆಗಾರನೂ ಒಳ್ಳೆಯವನೇ. ಆದರೆ ಗಂಡ ಬದುಕಿದ್ದರೆ? ಮಳೆ ನಿಂತು ದೋಣಿಗಳು ನೀರಿಗಿಳಿಯುವ ಮೊದಲು ಹೌದೋ ಅಲ್ಲವೋ ಹೇಳಬೇಕೆಂದು ಅಣ್ಣ ಪಟ್ಟು ಹಿಡಿದಿದ್ದ. ಮಳೆ ಆಗಲೇ ತೆಳುವಾಗುತ್ತಿತ್ತು. ಅವಳು ಕಟ್ಟೆಯ ಮೇಲೆ ಕುಳಿತಲ್ಲಿ ಕೂರದೆ ಆಗಾಗ ಎದ್ದು ಸಮುದ್ರದ ಕಡೆ ಎರಡು ಹೆಜ್ಜೆ ಹೋಗಿ ಮರಳುವುದನ್ನು ನಾನು ನೋಡುತ್ತಿದ್ದೆ. ನೋಡಿದಷ್ಟೂ ನನ್ನ ಕತೆ ಉದ್ದವಾಗುತ್ತಿತ್ತು.

ಆ ದಿನವೂ ಅಷ್ಟೇ. ಜಿನುಗು ಮಳೆ, ಚಹದಂಗಡಿ ತುಂಬ ಜನ.

‘ನಮ್ಮ ಹಡಗು ಒಡೆದ ಮೇಲೆ ನನ್ನನ್ನು ನೀರಿನಿಂದ ಎತ್ತಿದವರು ಜರ್ಮನರೇ. ಎತ್ತಿದವರೇ ನನ್ನನ್ನು ನೋಡಿ ಎದ್ದು ನಿಂತು ಸಲಾಮು ಹೊಡೆದರು,’ ಎಂದು ನಾನು ಶುರುಮಾಡಿದೆ.

‘ಒದ್ದೆ ಕೋಳಿಗೆ ಸಲಾಮು ಹೊಡೀಲಿಕ್ಕೆ ಅವರಿಗೆ ಬೇರೆ ಕೆಲಸ ಇರ್ಲಿಲ್ವಾ?’ ಪೊಡಿಯಬ್ಬ ಚಹ ಎತ್ತಿ ಹೊಯ್ಯುತ್ತಲೇ ಕೇಳಿದ.

‘ನೀನು ಚಹಕ್ಕೆ ಸಕ್ಕರೆ ಹಾಕು, ಕತೆಗೆ ಬೇಡ. ಸೆರೆಯಾಳುಗಳ ಶಿಬಿರದಿಂದ ನಮ್ಮನ್ನು ನದಿಯ ಬಾಯಲ್ಲಿದ್ದ ಹಡಗುಕಟ್ಟೆಗೆ ಕೆಲಸಕ್ಕೆ ಒಯ್ದರು. ಅಲ್ಲಿ ನೋಡಿದರೆ ಹಡಗನ್ನು ತುಂಡು ತುಂಡಾಗಿ ಮಾಡಿ ಆಮೇಲೆ ಬೆಸೆಯುತ್ತಾರೆ, ನಾವು ಬಾಳೆದಿಂಡು ಕತ್ತರಿಸಿದ ಹಾಗೆ ಇರುತ್ತದೆ ಒಂದೊಂದು ತುಂಡು. ಬೆಸುಗೆಯ ಬೆಂಕಿಯಲ್ಲಿ ನಾನು ಬೀಡಿ ಹಚ್ಚುತ್ತಿದ್ದೆ. ಎರಡು ತುಂಡು ಸರಿಯಾಗಿ ಕೂರದಿದ್ದರೆ ಮೇಸ್ತ್ರಿ ಹಿನ್ರಿಕ್ಸ್ ನನ್ನನ್ನೇ ಕರೆಯುತ್ತಿದ್ದ. ನಾನು ಹೆಗಲು ಕೊಟ್ಟು ಒಂದು ಸಲ ನೂಕಿದೆ ಅಂದರೆ ಕೂತಿತು.’

ಹಿನ್ರಿಕ್ಸ್ ಎಂಬ ಮೇಸ್ತ್ರಿ ಇದ್ದದ್ದು ನಿಜ. ಕೆಂಪು ಮೂಗಿನ ಮುದುಕ. ಪ್ರಾಯದಲ್ಲಿ ಹಡಗು ಹತ್ತಿ ಊರೂರು ಸುತ್ತಿ ಮುರುಕು ಇಂಗ್ಲಿಷ್ ಕಲಿತಿದ್ದ. ಆ ನೀರೊಳಗಿನ ಹಡಗಿನ ಸಂಸಾರವನ್ನು ನಮಗೆ ಬಿಡಿಸಿ ಹೇಳಿದವನು ಅವನೇ. ಇಬ್ಬರು ನಾವಿಕರಿಗೆ ಒಂದೇ ಹಾಸಿಗೆ. ಒಬ್ಬ ಪಹರೆಗೆ ಎದ್ದರೆ ಇನ್ನೊಬ್ಬ ಆ ಬಿಸಿ ಆರುವ ಮೊದಲೇ ಅದರಲ್ಲಿ ಬೀಳಬೇಕು. ಇರುವ ಎರಡು ಪಾಯಿಖಾನೆಗಳಲ್ಲಿ ಒಂದಕ್ಕೆ ಹೊರಡುವಾಗಲೇ ಆಲೂಗಡ್ಡೆ ತುಂಬುತ್ತಾರೆ. ಅದು ತಿಂದು ಮುಗಿಯುವವರೆಗೆ ಎಲ್ಲರೂ ಇನ್ನೊಂದರ ಮುಂದೆ ಸಾಲು ನಿಲ್ಲಬೇಕು. ಎಲ್ಲಕ್ಕಿಂತ ದೊಡ್ಡದು ಭಾರದ ವಿಚಾರ. ನೀರೊಳಗೆ ಆ ಹಡಗು ತಕ್ಕಡಿಯ ಹಾಗೆ ತೂಗಿಕೊಂಡಿರುತ್ತದೆ. ಒಂದು ಮೂಟೆ ರೊಟ್ಟಿ ತಿಂದು ಮುಗಿಸಿದರೆ ಅಷ್ಟೇ ಭಾರದ ನೀರು ಒಳಗೆ ತುಂಬಿಕೊಳ್ಳಬೇಕು. ಆತುರವಾಗಿ ಮುಳುಗಬೇಕಾದರೆ ನಾವಿಕರೆಲ್ಲ ಮೂತಿಯ ಕಡೆ ಓಡುತ್ತಾರೆ. ಆಳುಗಳ ಭಾರಕ್ಕೇ ಮೂತಿ ತಗ್ಗುತ್ತದೆ.

‘ಹೊಸ ಹಡಗಿನ ತೂಕ ನೋಡುವ ದಿನ ಬಂತು,’ ಎಂದೆ ನಾನು. ‘ನಾವಿಕರು ಇನ್ನೂ ಬಂದಿರಲಿಲ್ಲ, ದಿನಸಿಯೂ ತುಂಬಿರಲಿಲ್ಲ. ಭಾರಕ್ಕೆ ಏನು ಮಾಡುವುದು? ಹಿನ್ರಿಕ್ಸ್ ನನ್ನನ್ನು ಮೇಲಿಂದ ಕೆಳಗೆ ನೋಡಿ, ಈ ಒಬ್ಬನಿದ್ದರೆ ಮೂರು ಚೀಲ ಆಲೂಗಡ್ಡೆ ಬೇಡ ಎಂದ.’

‘ಅದೊಂದು ಸತ್ಯ ಇರ್ಬಹುದು,’ ಎಂದ ಪೊಡಿಯಬ್ಬ. ಅಂಗಡಿಯೇ ನಕ್ಕಿತು.

‘ನೆಲದ ಮೇಲೆ ಸೀಮೆಸುಣ್ಣದಲ್ಲಿ ಒಬ್ಬೊಬ್ಬರಿಗೂ ಒಂದು ವೃತ್ತ ಬರೆದ. ಅದರೊಳಗೆ ನಿಲ್ಲಬೇಕು, ಅಲುಗಬಾರದು. ಬಾಗಿಲು ಮುಚ್ಚಿತು. ಕಟ್ಟೆಯೊಳಗಿನ ನೀರಲ್ಲೇ ಹಡಗು ಮೆಲ್ಲಗೆ ಇಳಿಯತೊಡಗಿತು. ಆಗ ನಾನು ಮುಳುಗಿಸಿದೆ ನೋಡು!’

‘ಹೇಗೆ ಮಾರಾಯ?’ ಎಂದ ಪೊಡಿಯಬ್ಬ. ‘ಕಳೆದ ವಾರ ಸೀನಿ ಮುಳುಗಿಸಿದ್ದೆ. ಅದಕ್ಕಿಂತ ಮುಂಚೆ ಮಗ್ಗುಲು ಬದಲಿಸಿ ಮುಳುಗಿಸಿದ್ದೆ. ಒಂದೇ ಹಡಗು ಎಷ್ಟು ಸಲ ಮುಳುಗ್ಬೇಕು, ಪಾಪ? ನೀನು ಆ ಹಡಗನ್ನೇ ನೋಡಿಲ್ಲ, ಶಿಬಿರದಲ್ಲಿ ಈರುಳ್ಳಿ ಸುಲಿದು ಬಂದವ!’

ನಗು ಮತ್ತೆ ಎದ್ದಿತು. ಸೀನು, ಮಗ್ಗುಲು, ಆಕಳಿಕೆ ಎಲ್ಲವೂ ನಾನೇ ಕಟ್ಟಿದ್ದ ಸುಳ್ಳುಗಳು. ಅವಕ್ಕೆ ನಕ್ಕರೆ ನನಗೆ ನೋವಿರಲಿಲ್ಲ. ಆದರೆ ಹಡಗನ್ನೇ ನೋಡಿಲ್ಲ ಎಂದಾಗ ತಲೆಗೆ ರಕ್ತ ಏರಿತು. ನಾನು ಬೆಂಚಿನ ಮೇಲೆ ಎದ್ದು ನಿಂತೆ.

‘ಕೂಗಿ ಮುಳುಗಿಸಿದೆ ಕಣೋ! ಹೀಗೆ!’ ಎಂದವನೇ ಎದೆ ತುಂಬ ಉಸಿರೆಳೆದು ಕೂಗಿದೆ: ‘ಮೂತಿಗೆ ಕೈ… ಹೋಯ್!’

ಅಂಗಡಿ ತಣ್ಣಗಾಯಿತು.

ಆ ಕೂಗು ಏನೆಂದು ನಮ್ಮ ಊರಿನಲ್ಲಿ ಯಾರಿಗೂ ಹೇಳಬೇಕಾಗಿಲ್ಲ. ಹೊಸ ದೋಣಿ ಮೊದಲ ಬಾರಿ ನೀರಿಗಿಳಿದಾಗ ಆ ಕೂಗು ಹಾಕುತ್ತಾರೆ. ಕೇಳಿದ್ದೇ ತಡ ದೋಣಿಯಲ್ಲಿದ್ದವರೆಲ್ಲ ಮುಂದಕ್ಕೆ ಓಡಿ ಅದರ ಮೂತಿ ಮುಟ್ಟಿ ಕಣ್ಣಿಗೊತ್ತಿಕೊಳ್ಳಬೇಕು. ಯೋಚನೆ ಮಾಡಿ ಓಡುವುದಲ್ಲ, ಕಾಲೇ ಓಡುತ್ತದೆ. ಕೂಗುವ ಹಕ್ಕು ಮಾತ್ರ ಒಂದೇ ಮನೆಯದು. ಬೇರೆಯವರು ತಮಾಷೆಗೂ ಅದನ್ನು ಬಾಯಲ್ಲಿ ತರುವುದಿಲ್ಲ. ಎದುರಿನ ಕಟ್ಟೆಯ ಮೇಲೆ ಮಾಸ್ತಮ್ಮನ ಕತ್ತಿ ನಿಂತುಹೋಗಿತ್ತು.

ಪೊಡಿಯಬ್ಬ, ‘ಸಾಕು, ಇಳಿ ಕೆಳಗೆ,’ ಎಂದ. ಜನ ಒಬ್ಬೊಬ್ಬರಾಗಿ ಎದ್ದು ಹೋದರು. ನಾನು ಮನೆಯ ಕಡೆ ಹೋಗದೆ, ಏನೋ ಕಳೆದುಕೊಂಡವನಂತೆ ದಂಡೆಯುದ್ದಕ್ಕೂ ನಡೆದೆ. ಕೂತರೆ ನಿಲ್ಲಬೇಕೆನಿಸುತ್ತಿತ್ತು, ನಿಂತರೆ ನಡೆಯಬೇಕೆನಿಸುತ್ತಿತ್ತು. ಮಗುಚಿಟ್ಟ ದೋಣಿಗಳ ಬಳಿ ಅವಳು ನನ್ನನ್ನು ಹಿಡಿದಳು. ಕೈಯಲ್ಲಿ ಮೀನಿನ ಪೊರೆ ಇನ್ನೂ ಅಂಟಿಕೊಂಡಿತ್ತು.

‘ಆ ಕೂಗ್ ನಿಂಗೆ ಎಲ್ಲಿಂದ ಬಂತ್?’

‘ಎಂತ ಕೂಗ್ ಅಕ್ಕ? ಬಾಯಿಗೆ ಬಂದದ್ದ್ ಕೂಗ್ದೆ.’

‘ನಮ್ಮ ಮನಿಯವ್ರ್ ಬಿಟ್ಟ್ರೆ ಅದನ್ನ ಯಾರೂ ಹಾಕುದಿಲ್ಲ. ನೀ ಇಲ್ಲಿದ್ದಾಗ ಒಂದ್ ದಿನ ಹಾಕಿದ್ಯಾ? ನಮ್ಮ ಮಾವನ ಎದ್ರಿಗೆ ಕೆಮ್ಮುಕೂ ಹೆದ್ರ್ತಿದ್ದವ ನೀ. ಮತ್ತೆ ಆ ಹಡಗಿನೊಳ್ಗೆ ಹಾಕಿದ್ದ್ ಯಾರ್?’

ನಾನು ದಾಟಿ ಹೋಗಲು ನೋಡಿದೆ. ಅವಳು ಅಡ್ಡ ನಿಂತಳು.

‘ಕಡೆಗೆ ಉಸ್ರು ನುಂಗ್ದಾಂಗೆ ತಗ್ಗಿಸ್ದೆ ಅಲ್ದಾ, ಅದ್ ಅವಂದು. ಮಾವನೂ ಹಾಂಗೆ ಕೂಗುದಿಲ್ಲ. ಹಡಗ್ ಒಡ್ದ ಮೇಲೆ ಅವನ್ನ ಕಾಣ್ಲಿಲ್ಲ ಅಂದಿದ್ದೆ ನೀ. ಕಂಡಿದ್ದೆ. ಹೇಳ್, ಅವ ಎಲ್ಲಿದ್ದ?’

ಬೊಗಳೆ ಹೊಡೆಯುವವನಿಗೆ ಬಾಯಿ ಒಣಗಿದಾಗಲೂ ಸುಳ್ಳು ತಾನಾಗಿ ಬರುತ್ತದೆ. ಬಂತು. ‘ಇದ್ದ ಅಕ್ಕ, ಇದ್ದ. ನನ್ನ ಜೊತೆಯೇ ಹಡಗುಕಟ್ಟೆಯಲ್ಲಿದ್ದ. ಅಲ್ಲಿಯವರಿಗೆ ಅವನೆಂದರೆ ಪ್ರಾಣ. ಯುದ್ಧ ಮುಗಿದ ಮೇಲೂ ಬಿಡಲಿಲ್ಲ, ದೊಡ್ಡ ಕೆಲಸ ಕೊಟ್ಟು ಉಳಿಸಿಕೊಂಡರು. ಕೈಕೆಳಗೆ ನೂರು ಆಳು. ಕೋಟು, ಬೂಟು…’

ಅವಳು ಕೇಳಿಸಿಕೊಂಡಳು. ಮುಖದಲ್ಲಿ ಸಂತೋಷವೂ ಇರಲಿಲ್ಲ, ಸಂಶಯವೂ ಇರಲಿಲ್ಲ. ಹೊರೆಯನ್ನು ಇಳಿಸಲು ಹೋದವಳು ಮತ್ತೆ ತಲೆಯ ಮೇಲೆ ಇಟ್ಟುಕೊಂಡ ಹಾಗಿತ್ತು.

‘ಹಾಂಗಾರೆ ನಾ ಕಾಯ್ತೆ,’ ಎಂದಳು. ‘ಹೊಳೆಯಾಚಿಯವ್ರಿಗೆ ಬ್ಯಾಡ ಅಂತ ಅಣ್ಣನ ಹತ್ರ ಇವತ್ತೇ ಹೇಳಿ ಕಳ್ಸ್ತೆ.’

ತಿರುಗಿ ನಡೆದೇಬಿಟ್ಟಳು. ಅವಳ ಬೆನ್ನು ನೋಡುತ್ತ ನಿಂತೆ. ಇನ್ನು ಇಪ್ಪತ್ತು ವರ್ಷ ಆ ಕಟ್ಟೆಯ ಮೇಲಿಂದ ಎದ್ದು ಎದ್ದು ಸಮುದ್ರ ನೋಡುವುದಕ್ಕೆ ನನ್ನ ಒಂದು ಕೋಟು, ಒಂದು ಜೊತೆ ಬೂಟು ಸಾಕಾಗಿತ್ತು.

‘ಅಕ್ಕ, ನಿಲ್ಲು,’ ಎಂದೆ. ‘ಕೋಟು ಇಲ್ಲ. ಬೂಟೂ ಇಲ್ಲ.’

ಮಗುಚಿದ ದೋಣಿಯೊಂದರ ಮರೆಯಲ್ಲಿ ಅವಳನ್ನು ಕೂರಿಸಿ ನಾನು ಹೇಳಿದ್ದು ಇಷ್ಟು. ಹಡಗನ್ನು ನಾನು ಕಟ್ಟಲಿಲ್ಲ. ಕಟ್ಟುವವರ ಕಾಲಡಿಯ ಕಬ್ಬಿಣದ ಚೂರು ಗುಡಿಸಿದೆ. ಜಟ್ಟಪ್ಪನೂ ಅದನ್ನೇ ಮಾಡಿದ. ಆ ಹಡಗು ಇಳಿಜಾರಿನಿಂದ ನೀರಿಗೆ ಜಾರಿದ ದಿನ ಕಟ್ಟೆಯವರು ಯಾರೂ ತುಟಿ ಬಿಚ್ಚಲಿಲ್ಲ. ಯುದ್ಧದ ಅವಸರ, ಒಂದು ಇಳಿಯುತ್ತಲೇ ಇನ್ನೊಂದಕ್ಕೆ ದಿಮ್ಮಿ ಜೋಡಿಸುತ್ತಿದ್ದರು. ಜಟ್ಟಪ್ಪನಿಗೆ ಮಾತ್ರ ತಳಮಳ. ಕೂಗಿಲ್ಲದೆ ಇಳಿಸಿದರಲ್ಲ ಎಂದು ಅನ್ನ ಬಿಟ್ಟು ಕೂತ. ನಾನು ಬೈದೆ: ‘ಮಾರಾಯ, ಅದ್ ನಮ್ಮಂಥವ್ರ ಹಡಗ್ ಒಡೂಕೆ ಕಟ್ಟಿದ್ದ್. ಅದಕ್ಕೆ ನಿನ್ನ ಕೂಗ್ ಯಾಕೆ?’ ಅವನು ಹೇಳಿದ: ‘ಕೂಗ್ ಹಡಗಿಗಲ್ಲ. ಒಳ್ಗೆ ಇದ್ದವ್ರಿಗೆ. ಒಳ್ಗೆ ಹೋದವ್ರ್ ಹೊರಗೆ ಬರ್ಲಿ ಅಂತ.’

ತೂಕ ನೋಡುವ ದಿನ ಒಳಗೆ ಹೋದವರು ನಾವೇ. ನನ್ನ ವೃತ್ತ ಹಿಂದಿನ ಕೋಣೆಯಲ್ಲಿತ್ತು, ಜಟ್ಟಪ್ಪನದು ನಡುವಿನಲ್ಲಿ. ಆ ಕಿಟಕಿಯಿಲ್ಲದ ಮನೆಯಲ್ಲಿ ನೀರು ತಲೆಯ ಮೇಲಿಂದ ಮುಚ್ಚಿಕೊಳ್ಳುವ ಸದ್ದು ಕೇಳಿತು. ಅವನ ಪಾಲಿಗೆ ಅದೇ ಹಡಗಿನ ಮೊದಲ ನೀರು. ಕೂಗಿದ. ಆ ಕೂಗು ಗೊತ್ತಿದ್ದ ನೆರೆಯ ಬಂದರುಗಳ ನಾಲ್ಕು ಮಂದಿ ಖಲಾಸಿಗಳು ಯೋಚಿಸದೆ ಅವನ ಹಿಂದೆ ಮೂತಿಯ ಕಡೆ ಓಡಿದರು. ತೂಗಿ ನಿಂತಿದ್ದ ತಕ್ಕಡಿ ವಾಲಿತು. ಮೂತಿ ಕೆಳಗಾಗಿ ಹಡಗು ಕಟ್ಟೆಯ ಕೆಸರಿಗೆ ಹೋಗಿ ನೆಟ್ಟಿತು. ಮುಂದಿನ ಕೋಣೆಯಲ್ಲಿ ಇನ್ನೂ ಬೆಸುಗೆ ಮುಗಿಯದ ಬಾಗಿಲೊಂದು ಬಾಯಿಬಿಟ್ಟು ನೀರು ನುಗ್ಗಿತು. ನಡುವಿನ ಕಬ್ಬಿಣದ ಬಾಗಿಲನ್ನು ಜರ್ಮನರು ಮುಚ್ಚಿದರು. ಮುಚ್ಚದಿದ್ದರೆ ಯಾರೂ ಉಳಿಯುತ್ತಿರಲಿಲ್ಲ. ಹಡಗಿನ ಬಾಲ ಹಿಡಿದು ಎತ್ತಿ ಹಿಂದಿದ್ದ ನಮ್ಮನ್ನು ಹೊರಗೆ ತೆಗೆದರು. ಮುಂದಿದ್ದ ಐವರನ್ನು ಆಮೇಲೆ ತೆಗೆದರು. ಹೂಳುವಾಗ ಹಿನ್ರಿಕ್ಸ್ ಟೋಪಿ ತೆಗೆದು ನಿಂತಿದ್ದ.

‘ನೀ ಓಡ್ಲಿಲ್ಯಾ?’ ಮಾಸ್ತಮ್ಮ ಕೇಳಿದಳು.

‘ಕಾಲು ಎತ್ತಿದೆ ಅಕ್ಕ. ನನ್ನ ಪಕ್ಕದಲ್ಲಿದ್ದ ಜರ್ಮನ್ ಹುಡುಗ ಅಂಗಿ ಹಿಡಿದು ಎಳೆದ. ಮೂರು ಚೀಲ ಆಲೂಗಡ್ಡೆಯ ಹಾಗೆ ಬಿದ್ದೆ.’

ಅವಳು ಕೈಗೆ ಅಂಟಿದ್ದ ಪೊರೆಯನ್ನು ಒಂದೊಂದಾಗಿ ಕಿತ್ತಳು. ‘ಮೂತಿ ಮುಟ್ಟಿದ್ನಾ?’ ಎಂದಳು ಕೊನೆಗೆ.

ಮುಟ್ಟಿದ, ಎರಡೂ ಕೈಯಲ್ಲಿ ಮುಟ್ಟಿದ, ಹಡಗೇ ಗುಡುಗಿತು ಎಂಬ ಮಾತು ನಾಲಗೆಯ ತುದಿಗೆ ಬಂದಿತ್ತು. ನುಂಗಿದೆ. ‘ಗೊತ್ತಿಲ್ಲ ಅಕ್ಕ. ಅವನು ಓಡುವಾಗ ಅಂಗಾಲು ಕಂಡೆ. ಅಷ್ಟೇ.’

‘ಮತ್ತೆ ಯಾಕಾ ನೀನೇ ಕೂಗ್ದೆ ಅಂತ ಊರ್ ತುಂಬ ಹೇಳ್ಕಂಡ್ ತಿರ್ಗ್ತೆ?’

ಹೇಳುತ್ತ ಹೋದಂತೆ ನನಗೇ ಗೊತ್ತಾಯಿತು. ‘ನಾನು ಅಂತ ಹೇಳಿದರೆ ಕೂಗಿದವನು ಕತೆಯ ಕೊನೆಗೆ ಹೊರಗೆ ಬರುತ್ತಾನೆ ಅಕ್ಕ. ಚಹ ಕುಡಿಯುತ್ತಾನೆ. ಅವನ ಹೆಸರು ಹೇಳಿದರೆ ಕತೆ ಅಲ್ಲೇ ನಿಂತುಬಿಡುತ್ತದೆ.’

‘ನಿಲ್ಲಲಿ,’ ಎಂದಳು ಅವಳು. ‘ಇಷ್ಟ್ ವರ್ಷ ಅವನ್ನ ಉಳ್ಸ್ಕಂಡದ್ದ್ ಸಾಕ್. ನಾಳೆ ಅಂಗ್ಡಿಗೆ ಹ್ವಾದ್ರೆ ಅವನ ಹೆಸ್ರ್ ಹೇಳ್.’

ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ಅವಳು ಎದ್ದಳು. ಮನೆಯ ಕಡೆ ಹೋಗಲಿಲ್ಲ. ಉಟ್ಟ ಸೀರೆಯಲ್ಲೇ ನೇರವಾಗಿ ನೀರಿಗೆ ನಡೆದು, ಎದೆಮಟ್ಟದ ಅಲೆಯಲ್ಲಿ ಮೂರು ಮುಳುಗು ಹಾಕಿದಳು, ಸಾವಿನ ಮನೆಯವರು ಹಾಕುವ ಹಾಗೆ. ಮೇಲೆ ಬಂದು ಕೂದಲು ಹಿಂಡಿಕೊಂಡು, ಸಮುದ್ರದ ಕಡೆ ಒಮ್ಮೆಯೂ ತಿರುಗಿ ನೋಡದೆ ಊರಿನ ದಾರಿ ಹಿಡಿದಳು. ಸೀರೆಯಿಂದ ಇಳಿದ ನೀರು ಅವಳ ಹಿಂದೆ ಮರಳಿನ ಮೇಲೆ ಒಂದು ಕಪ್ಪು ಗೆರೆ ಎಳೆಯುತ್ತ ಹೋಯಿತು. ಬಿಸಿಲು ಬಂದಿತ್ತು. ಆ ಗೆರೆ ಸಮುದ್ರದ ಕಡೆಯಿಂದ ಒಣಗುತ್ತ ಬರುವುದನ್ನು ನಾನು ನಿಂತು ನೋಡಿದೆ.