ಧನಲಕ್ಷ್ಮಿಯ ಮೈನಾವ್

ಗೋಡೆಯ ಮೇಲೆ ಬಿಸಿಲು ನೀರಿನ ಹಾಗೆ ಅಲುಗುತ್ತಿದೆ, ಕಿಟಕಿಯಾಚೆ ಹೊಂಗೆ ಮರ ಇರಬೇಕು, ಗಾಳಿ ಬಂದಾಗಲೆಲ್ಲ ಬಿಸಿಲು ಚೂರುಚೂರಾಗಿ ಮತ್ತೆ ಕೂಡಿಕೊಳ್ಳುತ್ತದೆ, ಬೆಂಚಿನ ಮೇಲೆ ಕೂತ ಧನಲಕ್ಷ್ಮಿಗೆ ಕಣ್ಣು ಎಳೆಯುತ್ತಿದೆ, ಇಂಥ ಹೊತ್ತಿನಲ್ಲಿ ನಿದ್ದೆಯೇ, ಮುಚ್ಚಿದ ಬಾಗಿಲಿನ ಆಚೆ ಮೈನಾವ್ ಇದ್ದಾಳೆ, ತಾನು ಸಾಕಿದ ಮಗು, ಅಸ್ಸಾಮಿನಿಂದ ಬಂದ ಆ ಗಂಡ ಹೆಂಡತಿಯ ಜೊತೆ, ಬಸುಮತಾರಿ ಅಂತ ಹೆಸರು, ಅವರು ಮೇಷ್ಟ್ರಂತೆ, ಮಕ್ಕಳಿಲ್ಲವಂತೆ — ತನಗೆ ಮಾತ್ರ ಇದ್ದವೇ. ಸ್ವಲ್ಪ ಹೊತ್ತು ಮಗು ಅವರ ಜೊತೆ ಇರ್ಲಿ, ನೀವು ಹೊರಗೆ ಕೂತ್ಕೊಳ್ಳಿ ಅಂದರು ಹೇಮಶ್ರೀ ಮೇಡಂ, ಮಕ್ಕಳ ಸಮಿತಿಯವರು, ಬಸವನಗುಡಿಯ ಈ ಹಳೇ ಬಂಗಲೆಯಲ್ಲಿ ಯಾರೂ ದನಿ ಏರಿಸುವುದಿಲ್ಲ, ಹೋದ ಸಲವೂ ಎಷ್ಟು ಮೆತ್ತಗೆ ಹೇಳಿದ್ದರು, ನಿಮ್ಮ ಪ್ರೀತಿ ಬಗ್ಗೆ ಅನುಮಾನ ಇಲ್ಲಮ್ಮ, ಆದ್ರೆ ಮಗು ಅಸ್ಸಾಮಿನ ಬೋಡೊ ಜನಾಂಗದ್ದು, ಅದಕ್ಕೂ ಒಂದು ಭಾಷೆ, ಒಂದು ಜನ ಅಂತ ಇರುತ್ತಲ್ಲ, ಸಾಕೋಕೆ ಕೊಟ್ಟಿದ್ದು ಬೇರೆ, ದತ್ತು ಕೊಡೋದು ಬೇರೆ, ದತ್ತು ಅಂದ್ರೆ ಆದಷ್ಟೂ ಅವರವರ ಜನಕ್ಕೇ ಕೊಡ್ಬೇಕು ಅಂತ ನಾವು ನೋಡ್ತೀವಿ. ಅವರವರ ಜನ, ಹಾಗಂದರೆ ಯಾರು, ಈ ಮಗುವಿನ ತಾಯಿ ಇದೇ ಊರಿನ ಪಾರ್ಲರಿನಲ್ಲಿ ಕೆಲಸ ಮಾಡುತ್ತ ಜ್ವರದಲ್ಲಿ ತೀರಿಕೊಂಡಾಗ ಆ ಜನ ಎಲ್ಲಿದ್ದರು, ಚಾಮರಾಜಪೇಟೆಯ ಮನೆಯಲ್ಲಿ ಇವಳ ಹಲ್ಲು ಅಲುಗಾಡಿ ಬಿದ್ದಾಗ ಎಲ್ಲಿದ್ದರು, ಚಿಕ್ಕಪೇಟೆಯಲ್ಲಿ ಲಂಗ ಕೊಳ್ಳಲು ಹೋದಾಗ ಅಂಗಡಿಯವನು ಹಿಂದಿಯಲ್ಲಿ ಎಲ್ಲಿಂದ ಬಂದಿದೀಯ ಬೇಬಿ ಅಂದ, ಇವಳು ಸೊಂಟಕ್ಕೆ ಕೈಯಿಟ್ಟು ಚಾಮರಾಜಪೇಟೆಯಿಂದ ಅಂಕಲ್ ಅಂದಳು, ಇಡೀ ಅಂಗಡಿ ನಕ್ಕಿತು, ಇವಳೂ ನಕ್ಕಳು, ಮನೆಗೆ ಬಂದ ಮೇಲೆ ಮಾತ್ರ ಅವರು ಯಾಕಮ್ಮ ನಕ್ಕಿದ್ದು ಅಂತ ಕೇಳಿದಳು. ಕಲಾಸಿಪಾಳ್ಯದ ಮಂಡಿಯಲ್ಲಿ ಅಪ್ಪನ ಕೋಸಿನ ಮೂಟೆಗಳ ಮೇಲೆ ರಾಣಿಯ ಹಾಗೆ ಕೂರುತ್ತಾಳೆ, ನೇಪಾಳಿ ಪಾಪು ಅಂದ ಹಮಾಲಿಯ ಮೇಲೆ ಮುನಿಕೃಷ್ಣ, ತನ್ನ ಗಂಡ, ಇರುವೆಗೂ ಗದರದ ಗಂಡ, ಏ, ನನ್ ಮಗಳು ಕಣೋ ಅವಳು ಅಂತ ಜಗಳಕ್ಕೇ ಹೋಗಿದ್ದ —

ಬಾಗಿಲು ತೆರೆಯಿತು. ಆಕೆ ಹೊರಬಂದಳು, ಬಸುಮತಾರಿಯವರ ಹೆಂಡತಿ, ಹಳದಿ ಬಟ್ಟೆ, ದಣಿದ ಮುಖ, ಧನಲಕ್ಷ್ಮಿಯನ್ನು ಕಂಡು ಮುಜುಗರದಿಂದ ನಕ್ಕಳು, ಒಳಗಿದ್ದ ಗಂಡನ ಕಡೆ ತಿರುಗಿ ತಮ್ಮ ಭಾಷೆಯಲ್ಲಿ ಏನೋ ಅಂದಳು, ಆ ಮಾತಿನ ನಡುವೆ ಒಂದು ಸದ್ದು, ದೈ, ಧನಲಕ್ಷ್ಮಿಯ ನಿದ್ದೆ ಹಾರಿಹೋಯಿತು. ಏನಂದ್ರಿ, ಈಗ ಏನಂದ್ರಿ ಅಂತ ಮಂಡಿಯಲ್ಲಿ ಕಲಿತ ಹಿಂದಿಯಲ್ಲಿ ಕೇಳಿದಳು. ಪಾನಿ, ಅಂದಳು ಆಕೆ ಮೂಲೆಯ ನೀರಿನ ಕ್ಯಾನ್ ತೋರಿಸುತ್ತ, ನಮ್ಮಲ್ಲಿ ನೀರಿಗೆ ದೈ ಅಂತೀವಿ ದೀದಿ. ಲೋಟ ತುಂಬಿಕೊಂಡು ಒಳಗೆ ಹೋದಳು. ಬಿಸಿಲು ಅಲುಗುತ್ತಲೇ ಇದೆ, ಆದರೆ ಇದು ಬೇರೆ ಬಿಸಿಲು, ಮಗುವನ್ನು ಮನೆಗೆ ತಂದ ಮೊದಲ ದಿನದ ಮಧ್ಯಾಹ್ನ, ಬೇಸಿಗೆ, ಇನ್ನೂ ಅಂಬೆಗಾಲು ಮರೆಯದ ಕೂಸು ಚಾಪೆಯ ಮೇಲೆ ಕೂತು ಅಳುತ್ತಿದೆ, ದೈ, ದೈ, ಧನಲಕ್ಷ್ಮಿ ಎತ್ತಿಕೊಂಡು ಜೋಗುಳ ಹಾಡುತ್ತಾಳೆ, ಹಾಲು ಕೊಟ್ಟರೆ ತಳ್ಳುತ್ತದೆ, ಅತ್ತೆ ಅಂಜನಮ್ಮ ಬಂದು ಯಾರ್ದೋ ಕಣ್ಣು ಬಿದ್ದಿದೆ ಕಣೇ ಅಂತ ಉಪ್ಪು ಮೆಣಸಿನಕಾಯಿ ನಿವಾಳಿಸುತ್ತಾರೆ, ಅಲ್ಲೇ ಕಿಟಕಿಯ ಕೆಳಗೆ ಮಣ್ಣಿನ ಹೂಜಿ, ಮೈತುಂಬ ತಣ್ಣನೆಯ ಹನಿ, ಮಗುವಿನ ಕೈ ಆ ಕಡೆಗೇ ಚಾಚಿತ್ತೇ, ಚಾಚಿತ್ತು, ಚಾಚಿತ್ತು, ಒಣಗಿದ ಪುಟ್ಟ ಬಾಯಿ ತೆರೆದು ಮುಚ್ಚಿ ತೆರೆದು, ದೈ, ಕೊನೆಗೆ ಸಾಕಾಗಿ ಮಲಗಿತು, ನೋಡು, ದೃಷ್ಟಿ ಇಳೀತು ಅಂದರು ಅತ್ತೆ.

ಒಳಗೆ ಕರೆದರು. ಸಮಿತಿಯವರ ಎದುರು ಕುರ್ಚಿ, ಮೈನಾವ್ ಓಡಿ ಬಂದು ತೊಡೆಗೆ ಆತುಕೊಂಡಳು, ಆ ದಂಪತಿ ಪಕ್ಕದಲ್ಲಿ, ಹೇಮಶ್ರೀ ಮೇಡಂ ಮತ್ತದೇ ಮೆತ್ತನೆಯ ದನಿಯಲ್ಲಿ ಕೇಳಿದರು, ಧನಲಕ್ಷ್ಮಿಯವ್ರೇ, ನಿಮ್ಮನೆಗೆ ಬಂದಾಗ ಮಗು ಅದರ ಭಾಷೆ ಏನಾದ್ರೂ ಆಡ್ತಿತ್ತಾ, ನೆನಪು ಮಾಡ್ಕೊಂಡು ಹೇಳಿ, ಆಡ್ತಿತ್ತು ಅಂದ್ರೆ ನಾವು ಬೇರೆ ಥರ ಯೋಚನೆ ಮಾಡ್ಬೇಕಾಗುತ್ತೆ. ಒಣಗಿದ ಬಾಯಿ ತೆರೆಯಿತು, ಮುಚ್ಚಿತು. ಇಲ್ಲ ಮೇಡಂ, ಸುಮ್ನೆ ಅಳ್ತಿತ್ತು ಅಷ್ಟೇ, ಅಂದಳು ಧನಲಕ್ಷ್ಮಿ, ಮಾತು ಎಷ್ಟು ಸಲೀಸಾಗಿ ಬಂತು, ಎಣ್ಣೆಯಲ್ಲಿ ಜಾರಿದ ಹಾಗೆ. ಪಕ್ಕದಲ್ಲಿದ್ದ ಆಕೆಗೆ ಕನ್ನಡ ತಿಳಿಯದು, ಆದರೂ ತಲೆ ಎತ್ತಿ ಒಮ್ಮೆ ಇವಳನ್ನು ನೋಡಿದಳು, ಅಷ್ಟೇ. ನೀನು ಯಾರ ಹತ್ರ ಇರ್ತೀಯ ಪುಟ್ಟಿ ಅಂತ ಕೇಳಿದಾಗ ಮೈನಾವ್, ಇದೂ ಒಂದು ಪ್ರಶ್ನೆಯೇ ಅನ್ನುವಂತೆ, ಅಮ್ಮನ ಹತ್ರ ಅಂದಳು. ಸಮಿತಿಯವರು ತಮ್ಮತಮ್ಮಲ್ಲಿ ಪಿಸುಗುಟ್ಟಿಕೊಂಡರು, ಆಮೇಲೆ, ದತ್ತು ನಿಮಗೇ ಆಗ್ಲಿ ಅಂತ ಶಿಫಾರಸು ಮಾಡ್ತೀವಿ, ಮಗುಗೆ ಕನ್ನಡ ಬಿಟ್ಟು ಬೇರೆ ಭಾಷೆ ನೆನಪೇ ಇಲ್ವಲ್ಲ, ಅಂದರು ಹೇಮಶ್ರೀ ಮೇಡಂ.

ಗೆದ್ದಳು. ಮೆಟ್ಟಿಲ ಹತ್ತಿರ ಬಸುಮತಾರಿಯವರ ಹೆಂಡತಿ ಮಗುವಿನ ಕೆನ್ನೆ ಸವರಿ, ಮೈನಾವ್ ಅಂದ್ರೆ ನಮ್ಮಲ್ಲಿ ಲಕ್ಷ್ಮಿ, ದೀದಿ, ಬೆಳೆ ತರೋ ದೇವಿ, ಅಂದಳು, ನಿಮ್ಮ ಹೆಸರೂ ಅದೇ ಅಂತೆ. ಧನಲಕ್ಷ್ಮಿಗೆ ಎಷ್ಟೋ ಕೇಳಬೇಕಿತ್ತು, ಹಸಿವಿಗೆ ಏನಂತೀರಿ, ಭಯಕ್ಕೆ ಏನಂತೀರಿ, ನಿಮ್ಮ ನಂಬರ್ ಕೊಡಿ ಅನ್ನಬೇಕಿತ್ತು, ಹಳದಿ ಬಟ್ಟೆ ಗೇಟು ದಾಟಿ ಹೋಯಿತು. ಈಗ ಆಟೋ ಚಾಮರಾಜಪೇಟೆಯ ಕಡೆಗೆ ತೇಲುತ್ತಿದೆ, ಮರಗಳ ನೆರಳು ಬಿಸಿಲು ನೆರಳು, ಮುನಿಕೃಷ್ಣನಿಗೆ ಫೋನ್ ಮಾಡಬೇಕು, ಅತ್ತೆ ಹೋಳಿಗೆ ಮಾಡುತ್ತಾರೆ, ಬೀದಿಗೆಲ್ಲ ಹಂಚುತ್ತಾರೆ, ತೊಡೆಯ ಮೇಲೆ ತೂಕಡಿಸುತ್ತಿರುವ ಮಗಳ ಹಣೆ ಬೆವೆತಿದೆ, ಮಗಳು, ಇನ್ನು ಯಾರೂ ಕೇಳುವಂತಿಲ್ಲ, ಮಗಳು — ಅಮ್ಮಾ, ನೀರು, ಅಂದಳು ಮೈನಾವ್ ಕಣ್ಣು ತೆರೆಯದೆ, ಧನಲಕ್ಷ್ಮಿ ಬಾಟಲಿಯ ಮುಚ್ಚಳ ತಿರುಗಿಸುತ್ತಿದ್ದಾಳೆ, ತಿರುಗಿಸುತ್ತಲೇ ಇದ್ದಾಳೆ, ಚಾಪೆಯ ಮೇಲೆ ಒಂದು ಕೂಸು, ಒಣಗಿದ ಪುಟ್ಟ ಬಾಯಿ, ತೆರೆದು, ಮುಚ್ಚಿ, ತೆರೆದು