ಹತ್ತು ಅಡಿಗೊಂದು ಪಾಕೀಟು

ತಪ್ಪು ತಿಳಿಯಬೇಡಿ, ನೆಲದೊಳಗಿನ ವಿಷಯ ಹೇಳುವಷ್ಟು ನಾನು ಓದಿದವಳಲ್ಲ. ಟಿಳಕವಾಡಿಯ ಝೆರಾಕ್ಸ್ ಅಂಗಡಿಯಲ್ಲಿ ಕೆಲಸ ಮಾಡುತ್ತ ಸಂಜೆ ತರಗತಿಗೆ ಹೋದವಳು. ತವರೂರಿನ ರೈತ ಸಂಘದವರು ನಮ್ಮ ಬೋರಿನ ಕತೆ ಬರೆ ಎಂದರು. ನಾಲ್ಕು ಸಲ ಬರೆದು ಹರಿದೆ. ಇದು ಐದನೆಯದು. ಇದರಲ್ಲೂ ತಪ್ಪಿದ್ದರೆ ತಿಳಿದವರು ತಿದ್ದಬೇಕು.

ಕಳೆದ ವರ್ಷ ಪಾರಿಶ್ವಾಡದ ನನ್ನ ತವರಿನಲ್ಲಿ ಬೋರಿನ ನೀರು ಸುಣ್ಣ ಕದಡಿದಂತೆ ಬೆಳ್ಳಗೆ ಬರತೊಡಗಿತು. ನಾಲ್ಕೇ ದಿನಕ್ಕೆ ಮೋಟಾರು ಕೆಸರಿನಲ್ಲಿ ಸಿಕ್ಕಿ ನಿಂತಿತು. ಎತ್ತಲು ಬಂದವರೂ ಕೈಚೆಲ್ಲಿ ಹೋದರು. ಮನೆಮಂದಿಗೆ, ನಾಲ್ಕು ಎಮ್ಮೆಗಳಿಗೆ ಇದ್ದದ್ದು ಅದೊಂದೇ ನೀರು. ಅಣ್ಣನ ಹೆಂಡತಿ, ನನ್ನ ವೈನಿ ಭರಮವ್ವ ಕೊಡ ಹಿಡಿದು ಬಾಜು ಮನೆಯ ಸಿದ್ದಕ್ಕನ ಬೋರಿಗೆ ದಿನಕ್ಕೆ ಹತ್ತಾರು ಸಲ ನಡೆಯತೊಡಗಿದಳು.

ಅಣ್ಣ ಸತ್ಯಪ್ಪ ಹೊಸ ಬೋರು ಹೊಡೆಸಲು ಹೊರಟ. ಮತ್ತೆ ಹೀಗೇ ಆದರೆ ಎಂಬ ಭಯ ನನಗೆ. ಸಂಜೆ ತರಗತಿಯಲ್ಲಿ ನಮಗೆ ವಿಜ್ಞಾನ ಕಲಿಸಿದ, ಅಂತರ್ಜಲದ ವಿಷಯ ತಿಳಿದ ಬಸವಪ್ರಸಾದ ಸರ್ ಅವರನ್ನು ಕರೆದುಕೊಂಡು ಹೋದೆ.

ಸರ್ ಕೇಳಿದ ಮೊದಲ ಪ್ರಶ್ನೆ: “ಹಳೇ ಬೋರಿಗೆ ಕೇಸಿಂಗ್ ಪೈಪ್ ಎಷ್ಟು ಅಡಿ ಇಳಿಸಿದ್ರಿ? ಮ್ಯಾಲಿನ ಮೆತ್ತನ ಮಣ್ಣು ಕುಸೀಬಾರದು ಅಂತ ಹಾಕ್ತಾರಲ್ಲ, ಆ ಪೈಪು.”

“ಅರವತ್ತರಿ,” ಎಂದ ಅಣ್ಣ.

“ಎಂಬತ್ತು. ನಾನ ಎಣಿಸೇನಿ,” ಎಂದಳು ವೈನಿ.

“ನೀ ಎಣಿಸಿದ್ದು ಚಹಾದ ಕಪ್ಪು!”

“ಹೌದು, ಚಹಾದ ಲೆಕ್ಕದಾಗ ನನಗ ನೆನಪೈತಿ. ಎರಡನೇ ಚಹಾಕ್ಕ ಬಿಳಿ ಮಣ್ಣು, ಮೂರನೇದಕ್ಕ ಕರಿ ಕಲ್ಲು.”

“ಕಲ್ಲು ಮದಲ ಬಂತು, ಆಮ್ಯಾಲೆ ಮಣ್ಣು.”

ಇಬ್ಬರೂ ನನ್ನ ಮುಖ ನೋಡಿದರು. ಹಳೇ ಬೋರು ಕೊರೆದ ದಿನ ನಾನೂ ಅಲ್ಲೇ ಇದ್ದೆ, ಆದರೆ ಏನೂ ನೆನಪಾಗಲಿಲ್ಲ. ಬಿಲ್ಲಿನಲ್ಲಿ ಇದ್ದದ್ದು ಒಟ್ಟು ಅಡಿ ಮಾತ್ರ.

“ಕೊರೆಯೋವಾಗ ಹತ್ತು ಅಡಿಗೊಮ್ಮೆ ಮ್ಯಾಲೆ ಬಂದ ಪುಡಿನ ಸಾಲಾಗಿ ಗುಡ್ಡಿ ಹಾಕಿರ್ತಾರ. ಅವೆಲ್ಲಿ?” ಎಂದರು ಸರ್.

ವೈನಿ ತಲೆ ತಗ್ಗಿಸಿದಳು. “ಮರದಿನ ಗಂಗವ್ವನ ಪೂಜಿ ಇತ್ತರಿ. ಅಂಗಳದಾಗ ರಾಡಿ ಗುಡ್ಡಿ ಚಂದ ಕಾಣ್ತಾವೇನ್ರಿ? ಎಲ್ಲಾ ಬಳದು ಎಮ್ಮಿ ಕೊಟ್ಟಿಗಿಗಿ ಹಾಸಿದೆ.”

“ನೆಲದಾಗ ಏನೈತಿ ಅಂತ ಹೇಳೂವು ಆ ಗುಡ್ಡಿನರೀ. ಎಷ್ಟು ಅಡಿಗೆ ಯಾವ ಬಣ್ಣದ ಮಣ್ಣು, ಎಂಥಾ ಕಲ್ಲು, ನೀರು ಎಲ್ಲಿ ಹತ್ತಿತು ಅಂತ ಬರದಿಟ್ರ ಅದಕ್ಕ ಬೋರ್ ಲಾಗ್ ಅಂತಾರ.”

ಇದನ್ನು ಕೇಳುತ್ತ ನಿಂತಿದ್ದ ಸಿದ್ದಕ್ಕ, “ನಂದು ಐತ್ರಿ,” ಎಂದು ಹೋಗಿ ಬುಟ್ಟಿ ತಂದಳು. ಚಹಾಪುಡಿಯ ಖಾಲಿ ಪಾಕೀಟುಗಳಲ್ಲಿ ಕಲ್ಲುಪುಡಿ, ಒಂದೊಂದರ ಮೇಲೂ ನಂಬರು. “ಬೋರ್ ಕೊರೆಯೋ ಗಾಡಿಯವ ಹತ್ತು ಅಡಿಗೊಂದು ಇಟ್ಕೋರಿ ಅಂದ, ಇಟ್ಕೊಂಡೆ. ಇದೇ ಸತ್ಯಪ್ಪ, ಕಲ್ಲಿನ ಚಹಾ ಮಾಡ್ತೀ ಏನ್ ಅಂತ ನಕ್ಕಿದ್ದ.”

ಸರ್ ಪಾಕೀಟುಗಳನ್ನು ಸಾಲಾಗಿ ಬಿಚ್ಚಿಟ್ಟರು. ಮೊದಲ ಮೂರು ಕೆಂಪು ಮಣ್ಣು. ನಾಲ್ಕು, ಐದು ಬಿಳಿ ಜೇಡಿ. ಆರನೆಯದು ಕರಿ ಕಲ್ಲು. ಏಳು, ಎಂಟು ಮತ್ತೆ ಬಿಳಿ ಜೇಡಿ! ಒಂಬತ್ತರಿಂದ ಮುಂದೆ ಬರೀ ಕರಿ ಕಲ್ಲು.

“ಆಕಿ ಹಿತ್ತಲ ಆಕಿದು, ನಮ್ಮದು ನಮ್ಮದು,” ಎಂದ ಅಣ್ಣ. “ನಡುವ ನೂರು ಹೆಜ್ಜಿ ಅದ. ಭೂಮಿ ಇಬ್ಬರಿಗೂ ಒಂದೇ ಸೀರಿ ಉಡಿಸೇತೇನ್ರಿ?”

“ನೀವು ಅನ್ನೂದು ಖರೇ. ಹಂಗ ಇರಲಿಕ್ಕಿಲ್ಲ. ಆದ್ರ ಎಲ್ಲಿ ಹುಷಾರಿರಬೇಕು ಅಂತ ಇದು ಹೇಳ್ತದ.”

ನನ್ನ ಗೊಂದಲ ಹೆಚ್ಚಿತು. ಎರಡೂ ಕಡೆ ಒಂದೇ ಥರ ಇರದಿದ್ದರೆ ಅವಳ ಪಾಕೀಟು ನೋಡಿ ಏನು ಬಂತು? ಕೇಳಲು ಸಂಕೋಚವಾಯಿತು.

ಹೊಸ ಬೋರಿನ ದಿನ ಸರ್ ಅವರಿಗೆ ಬರಲಾಗಲಿಲ್ಲ. ವೈನಿ ಮಾತ್ರ ಪಾಕೀಟು ಹಿಡಿದು ಗಾಡಿಯ ಪಕ್ಕ ನಿಂತಳು. ಚಹಾ ಮಾಡುವ ಕೆಲಸ ನನಗೆ ಬಿತ್ತು. ಎಪ್ಪತ್ತನೇ ಅಡಿಗೆ ಕರಿ ಪುಡಿ ಹಾರಿತು.

“ಗಟ್ಟಿ ಕಲ್ಲು ಬಂತ್ರಿ. ಕೇಸಿಂಗ್ ಇಳಸೂಣು,” ಎಂದ ಗಾಡಿಯವ. ಅಣ್ಣ ಹೂಂ ಎಂದ.

“ತಡೀರಿ!” ಎಂದಳು ವೈನಿ. “ಸಿದ್ದಕ್ಕಂದೂ ಆರನೇ ಪಾಕೀಟು ಕರೀದ ಇತ್ತು. ಏಳನೇದು ಬಿಳೀದು. ಇಲ್ಲೇ ಪೈಪು ನಿಲ್ಲಿಸಿದ್ರ ಕಲ್ಲಿನ ಕೆಳಗಿನ ಜೇಡಿ ಕುಸೀತೈತಿ. ನನಗ ಇನ್ನೆರಡು ಪಾಕೀಟು ತುಂಬಿಸಿ ಕೊಡ್ರಿ, ಆಮ್ಯಾಲೆ ಇಳಸ್ರಿ.”

“ಬಂದಳಪ್ಪ ಇಂಜಿನಿಯರ್ ಬಾಯಿ!” ಎಂದ ಅಣ್ಣ.

“ಅಂದುಕೋ. ಕೊಡ ಹೊರಾಕಿ ನಾ, ನೀ ಅಲ್ಲ.”

ಅಣ್ಣ ಗಾಡಿಯವನಿಗೆ ಕೈಸನ್ನೆ ಮಾಡಿದ. ಮತ್ತೆ ಕೊರೆದರು. ತೊಂಬತ್ತನೇ ಅಡಿಗೆ ಬಿಳಿ ಕೆಸರು ಚಿಮ್ಮಿ ವೈನಿಯ ಪಾದದ ಮೇಲೆ ಬಿತ್ತು. ನೂರಾ ಹತ್ತಕ್ಕೆ ಕರಿ ಕಲ್ಲು ತಿರುಗಿ ಬಂದಾಗಲೂ ಅವಳು ಒಪ್ಪದೆ ಇನ್ನೂ ಎರಡು ಪಾಕೀಟು ತುಂಬಿಸಿಕೊಂಡಳು. ಎರಡರಲ್ಲೂ ಕರಿ ಕಲ್ಲೇ ಬಂದ ಮೇಲೆ ಕೇಸಿಂಗ್ ಇಳಿಯಿತು. ಇನ್ನೂರ ನಲವತ್ತಕ್ಕೆ ನೀರು ಹತ್ತಿತು. ಮೂರನೇ ದಿನ ತಿಳಿನೀರು ಬಂತು, ಇವತ್ತಿಗೂ ತಿಳಿಯಾಗಿದೆ.

ನಮ್ಮ ಪಾಕೀಟುಗಳ ಮೇಲಿನ ನಂಬರನ್ನು ಅಣ್ಣನೇ ದಪ್ಪಗೆ ತಿದ್ದಿ ಬರೆದಿದ್ದಾನೆ. ಅವು ಈಗ ರೇಶನ್ ಕಾರ್ಡಿನ ಟ್ರಂಕಿನಲ್ಲಿವೆ. “ಮುಟ್ಟಬ್ಯಾಡ್ರಿ, ಸಾಲು ಕೆಡ್ತೈತಿ,” ಎಂದು ಬಂದವರಿಗೆಲ್ಲ ಅವನೇ ಗದರುತ್ತಾನೆ.

ಅಕ್ಕಂದಿರೇ, ಅಣ್ಣಂದಿರೇ, ಬೋರು ಹೊಡೆಸುವಾಗ ಹತ್ತು ಅಡಿಗೊಂದು ಹಿಡಿ ಪುಡಿ ಎತ್ತಿಡಿ. ಅಡಿ, ಬಣ್ಣ, ನೀರು ಹತ್ತಿದ ಜಾಗ, ಕೇಸಿಂಗಿನ ಉದ್ದ ಬರೆದಿಡಿ. ಪೂಜೆಗೆ ಅಂಗಳ ಗುಡಿಸಿ, ಆದರೆ ಅದಕ್ಕೆ ಮೊದಲು ಪಾಕೀಟು ತುಂಬಿ. ನೆರೆಯವರು ಕೇಳಿದರೆ ತೋರಿಸಿ.

ಹಳೆಯ ಬೋರು ಆ ಜೇಡಿಯಿಂದಲೇ ಕೆಟ್ಟಿತೇ? ಇರಬಹುದು ಎನ್ನುತ್ತಾರೆ ಸರ್. ಒಳಗೆ ಇಳಿದು ನೋಡಿದವರಿಲ್ಲ. ನಮ್ಮ ಕರಿ ಕಲ್ಲೂ ಸಿದ್ದಕ್ಕನ ಕರಿ ಕಲ್ಲೂ ಒಂದೇ ಹಾಸೋ, ಬೇರೆಬೇರೆ ಬಂಡೆಯೋ? ನಡುವಿನ ಆ ನೂರು ಹೆಜ್ಜೆಯ ಕೆಳಗೆ ಏನಿದೆಯೋ ನನಗೆ ಗೊತ್ತಿಲ್ಲ. ಸರ್ ಅವರನ್ನು ಕೇಳಿದೆ. ತಮಗೂ ಗೊತ್ತಿಲ್ಲ ಎಂದರು.