ಸಿನಗಾಗಿನ ಕೀಲಿ, ಬಫಾತಿನ ಪಾತ್ರೆ

ಕಂಕನಾಡಿಯ ನಮ್ಮ ಓಣಿಯಲ್ಲಿ ಯಹೂದಿಗಳ ಹಳೆಯ ಸಿನಗಾಗ್ ಒಂದಿದೆ. ಅಲ್ಲಿ ಪ್ರಾರ್ಥಿಸಲು ಒಬ್ಬ ಯಹೂದಿಯೂ ಊರಲ್ಲಿ ಉಳಿದಿಲ್ಲ. ಕೊನೆಯ ಕುಟುಂಬ ಇಸ್ರೇಲಿಗೆ ಹೊರಟಾಗ ಕೀಲಿಯನ್ನು ಪಕ್ಕದ ಮನೆಯ ಹೆಂಗಸಿನ ಕೈಗಿಟ್ಟಿತು. ಅವರೇ ಮುಂದೆ ನನ್ನ ಅತ್ತೆಯಾದರು. ಕೀಲಿ ಈಗ ನನ್ನ ಹೆಂಡತಿ ಎವ್ಲಿನ್ ಹತ್ತಿರ ಇದೆ. ಶುಕ್ರವಾರ ಸಂಜೆ ಬೆಂಚು ಒರೆಸಿ, ನೀಲಿ ಗಾಜಿನ ದೀಪ ಹಚ್ಚುತ್ತಾಳೆ. ನನ್ನ ಕನ್ನಡಕ ಹುಡುಕಿಕೊಡಲು ಮಾತ್ರ ಅವಳಿಗೆ ಪುರುಸೊತ್ತಿಲ್ಲ.

ಆ ಕುಟುಂಬದ ಮಗಳು ಸಿಪ್ಪೋರಾ ಚಿಕ್ಕಂದಿನಲ್ಲಿ ನನ್ನ ಜೊತೆ ಗೋಲಿ ಆಡಿದವಳು. ಕಳೆದ ತಿಂಗಳು ಫೋನ್ ಮಾಡಿದಳು. ತಾನು ಬರುತ್ತಿದ್ದೇನೆ, ಕಟ್ಟಡವನ್ನು ತಿಳಿದವರಿಗೆ ಒಪ್ಪಿಸುವ ಯೋಚನೆಯಿದೆ ಎಂದಳು. ಕೀಲಿ ಕೈತಪ್ಪುತ್ತದೆಂದು ಎವ್ಲಿನ್ ಸರಿಯಾಗಿ ಊಟ ಮಾಡುವುದನ್ನೇ ಬಿಟ್ಟಳು. ಸಿಪ್ಪೋರಾ ಬರುವ ದಿನ ಮಾತ್ರ ಸೆರಗು ಬಿಗಿದು ಅಡುಗೆಗೆ ನಿಂತಳು. ದೊಡ್ಡ ಅತಿಥಿಗೆ ನಮ್ಮಲ್ಲಿ ಇನ್ನೇನು ಮಾಡುತ್ತಾರೆ? ಹಂದಿ ಮಾಂಸದ ಖಾರದ ಸಾರು ಬಫಾತ್, ಜೊತೆಗೆ ಇಡ್ಲಿಯಂಥ ಸನ್ನ.

"ಪರಿಮಳ ಉಂಟು. ಆದರೆ ನನ್ನ ಅಮ್ಮನ ಕ್ರಿಸ್ಮಸ್ ಬಫಾತಿನ ಹಾಗೆ ಆಗ್ಲಿಲ್ಲ," ಎಂದೆ. ಮದುವೆಯಾದಂದಿನಿಂದ ಹೇಳುತ್ತಿರುವ ಮಾತು. ಅವಳು ಸೌಟು ತೋರಿಸಿದಳು.

ಸಿಪ್ಪೋರಾ ಬಂದು ಕೂತಾಗ ಎವ್ಲಿನ್ ಹೆಮ್ಮೆಯಿಂದ ಪಾತ್ರೆಯ ಮುಚ್ಚಳ ತೆಗೆದಳು.

"ಹಂದಿಯಾ? ನಾವು ಯಹೂದಿಗಳು ಇದನ್ನು ತಿನ್ನುದಿಲ್ಲ, ಎವ್ಲಿನ್," ಎಂದಳು ಸಿಪ್ಪೋರಾ.

ಹಂದಿ ತಿನ್ನಬಾರದೆಂಬ ಯಹೂದಿಗಳ ಕಟ್ಟಳೆ ಬೈಬಲಿನಲ್ಲೇ ಇದೆ; ಅದನ್ನು ದಿನಾ ಓದುವ ನಾವಿಬ್ಬರೂ ಮುಖ ಮುಖ ನೋಡಿಕೊಂಡೆವು. ಎವ್ಲಿನ್‌ಳ ಕಣ್ಣು ತುಂಬಿತು. ಸೊಂಟದಿಂದ ಕೀಲಿ ತೆಗೆದು ಮೇಜಿನ ಮೇಲಿಟ್ಟಳು. "ಇಷ್ಟೂ ಗೊತ್ತಿಲ್ಲದವಳು ಎಂತ ನೋಡಿಕೊಳ್ಳುದು? ತಿಳಿದವರಿಗೇ ಕೊಡಿ." ಅವಳ ಮುಖ ನೋಡಿ ನನಗೆ ಸಂಕಟವಾಯಿತು.

ಸಿಪ್ಪೋರಾ ನಗತೊಡಗಿದಳು. "ನಿನ್ನ ಅಮ್ಮನೂ ಪ್ರತಿ ಕ್ರಿಸ್ಮಸ್‌ಗೆ ಇದನ್ನೇ ಕಳಿಸ್ತಿದ್ರು, ಮಾರಾಯ್ತಿ. ಬೇಡ ಅಂದ್ರೆ ಅವರಿಗೆ ಬೇಜಾರಾಗ್ತದೆ ಅಂತ ನಮ್ಮಮ್ಮ ಮುಚ್ಚಳ ಸಹ ತೆಗೀದೆ ಹಿಂದಿನ ಬಾಗಿಲಿಂದ ಆಚೆ ಮನೆಗೆ ದಾಟಿಸ್ತಿದ್ರು. ಯೂಸ್ಟೇಸನ ಅಮ್ಮನಿಗೆ."

ಯೂಸ್ಟೇಸ್ ಅಂದರೆ ನಾನು. ಎವ್ಲಿನ್ ನಿಧಾನವಾಗಿ ನನ್ನ ಕಡೆ ತಿರುಗಿದಳು.

"ಹಾಗಾದ್ರೆ ನಿಮ್ಮ ಅಮ್ಮನ ಕ್ರಿಸ್ಮಸ್ ಬಫಾತ್?"

"ನಿನ್ನ ಅಮ್ಮನದ್ದು," ಎಂದೆ. ಬೇರೇನು ಹೇಳಲಿ?

ಅವಳು ಅಳುತ್ತಲೇ ನಕ್ಕಳು. ಸಿಪ್ಪೋರಾ ಕೀಲಿಯನ್ನೆತ್ತಿ ಅವಳ ಅಂಗೈಗೆ ಒತ್ತಿದಳು. "ನಮ್ಮಮ್ಮ ಇದನ್ನು ಕೊಟ್ಟದ್ದು ಆ ಪಾತ್ರೆ ಕಳಿಸಿದವರಿಗೆ. ನಾನು ಯಾಕೆ ವಾಪಸ್ ತಕೊಳ್ಳಲಿ? ನಡಿ, ಬಾಗಿಲು ತೆಗಿ."

ಇಬ್ಬರೂ ಸೇರಿ ದೀಪ ಹಚ್ಚಿ ಬಂದರು. ಸಿಪ್ಪೋರಾ ಬಾಳೆಲೆಯಲ್ಲಿ ಸನ್ನ, ಬೆಲ್ಲ ತಿಂದಳು. ಬಫಾತಿನ ಪಾತ್ರೆ ಎಂದಿನಂತೆ ನನ್ನ ಪಾಲಿಗೆ ಬಂತು.